ಅಲುಗಾಡಿದ ಮಾತ್ರಕ್ಕೆ ಜೀವ ಬಂತೆ?

ಅಮೆರಿಕದ ಕಾಮಿಕ್ಸ್ ಕಲಾವಿದ ವಿನ್ಸರ್ ಮೆಕೇ 1911ರ ಏಪ್ರಿಲಿನಲ್ಲಿ ಹೊರತಂದ ‘ಲಿಟಲ್ ನೀಮೋ’ ಚಿತ್ರದಲ್ಲಿ, ಬರೆದ ಬೊಂಬೆಗಳು ಅಲುಗಾಡತೊಡಗಿದ ಮೇಲೆ ಕಥೆ ಅನ್ನುವುದೇ ಇಲ್ಲ. ಹಿನ್ನೆಲೆಯೂ ಇಲ್ಲ. ಖಾಲಿ ಬಿಳುಪಿನ ಮೇಲೆ ಫ್ಲಿಪ್ ಎಂಬ ಸಿಗಾರ್ ಸೇದುವ ಕಿಡಿಗೇಡಿಯ ಮುಖ, ಅವನ ತಲೆಯ ಮೇಲೆ ‘ನಾನು ಅಲುಗಾಡುವುದನ್ನು ನೋಡಿ’ ಎಂಬರ್ಥದ ಒಂದು ಬರಹ. ಆಮೇಲೆ ಅವನ ಜೊತೆಗಾರ ಇಂಪಿ ಬರುತ್ತಾನೆ, ನೀಮೋ ಬರುತ್ತಾನೆ. ನೀಮೋ ಕೈಯಾಡಿಸಿದ ಹಾಗೆಲ್ಲ ಉಳಿದಿಬ್ಬರು ಜಾತ್ರೆಯ ಡೊಂಕು ಕನ್ನಡಿಯಲ್ಲಿ ಕಂಡಂತೆ ಉದ್ದಕ್ಕೆ ಎಳೆದುಕೊಳ್ಳುತ್ತಾರೆ, ಅಡ್ಡಕ್ಕೆ ಕುಸಿಯುತ್ತಾರೆ. ಒಂದು ಹಸಿರು ಡ್ರ್ಯಾಗನ್ ಬಾಯಿ ತೆರೆದು ನೀಮೋನನ್ನೂ ರಾಜಕುಮಾರಿಯನ್ನೂ ಕೂರಿಸಿಕೊಂಡು ಹೋಗುತ್ತದೆ. ಹೆಚ್ಚುಕಡಿಮೆ ಇಷ್ಟೇ.

ಆನಿಮೇಷನ್ ಚರಿತ್ರೆ ಬರೆಯುವವರು ಇಂಥ ಚಿತ್ರಗಳ ಬಗ್ಗೆ ಒಂದು ವಾಕ್ಯವನ್ನು ಸಲೀಸಾಗಿ ಬರೆದುಬಿಡುತ್ತಾರೆ: ಪತ್ರಿಕೆಯ ಪುಟದಲ್ಲಿ ನಿಶ್ಚಲವಾಗಿದ್ದ ಪಾತ್ರಗಳಿಗೆ ಸಿನಿಮಾ ಜೀವ ಕೊಟ್ಟಿತು. ನನಗೆ ಈ ಮಾತು ಒಪ್ಪಿಗೆಯಿಲ್ಲ. ಆ ಪಾತ್ರಗಳು ಪುಟದ ಮೇಲೆ ಸತ್ತು ಬಿದ್ದಿರಲಿಲ್ಲ, ಯಾರೋ ಬಂದು ಎಬ್ಬಿಸಲಿ ಎಂದು ಕಾದಿರಲೂ ಇಲ್ಲ. 1910ರ ದಶಕದಿಂದ ಮುಂದಿನ ಇಪ್ಪತ್ತು ಇಪ್ಪತ್ತೈದು ವರ್ಷಗಳಲ್ಲಿ ಅಮೆರಿಕದ ಕಾಮಿಕ್ ಸ್ಟ್ರಿಪ್‌ಗಳನ್ನು ಆಧರಿಸಿ ಬಂದ ಕಾರ್ಟೂನ್ ಚಿತ್ರಗಳನ್ನು ಒಂದರ ಪಕ್ಕ ಒಂದಿಟ್ಟು ನೋಡಿದರೆ ತಿಳಿಯುವುದು ಬೇರೆಯೇ. ತೆರೆಗೆ ಬಂದದ್ದು ಪಾತ್ರದ ಹೆಸರು ಮತ್ತು ಮುಖ. ಕಲೆ ಪುಟದಲ್ಲೇ ಉಳಿಯಿತು. ಗೆದ್ದ ಕೆಲವೇ ಚಿತ್ರಗಳು ಗೆದ್ದದ್ದು ಪುಟವನ್ನು ಬಿಟ್ಟುಬಂದದ್ದರಿಂದ.

ಪುಟದ ಕಲೆ ಎಂದರೇನು ಎಂಬುದಕ್ಕೆ ಮೆಕೇ ಬರೆದ ಸ್ಟ್ರಿಪ್ಪೇ ಸಾಕು. ‘ಲಿಟಲ್ ನೀಮೋ ಇನ್ ಸ್ಲಂಬರ್‌ಲ್ಯಾಂಡ್’ 1905ರ ಅಕ್ಟೋಬರ್ 15ರಿಂದ ‘ನ್ಯೂಯಾರ್ಕ್ ಹೆರಾಲ್ಡ್’ ಪತ್ರಿಕೆಯಲ್ಲಿ ಭಾನುವಾರಕ್ಕೊಂದು ಬಣ್ಣದ ಪುಟವಾಗಿ ಬರತೊಡಗಿತು. ವಾರವಾರವೂ ನಡೆಯುವುದು ಒಂದೇ: ಹುಡುಗ ಕನಸು ಕಾಣುತ್ತಾನೆ, ಕೊನೆಯ ಚೌಕದಲ್ಲಿ ಎಚ್ಚರಗೊಳ್ಳುತ್ತಾನೆ. 1908ರ ಜುಲೈ 26ರ ಪುಟದಲ್ಲಿ ನೀಮೋನ ಮಂಚದ ಕಾಲುಗಳು ಬೆಳೆಯತೊಡಗುತ್ತವೆ. ಮಂಚ ಮನೆಯಿಂದ ಹೊರಬಿದ್ದು ಊರಿನ ಬೀದಿಯಲ್ಲಿ ನಡೆಯುತ್ತದೆ, ಕಟ್ಟಡಗಳನ್ನು ದಾಟುತ್ತದೆ. ಕಾಲುಗಳು ಬೆಳೆದ ಹಾಗೆ ಪುಟದ ಚೌಕಗಳೂ ಎತ್ತರವಾಗುತ್ತ ಹೋಗುತ್ತವೆ. ಓದುಗನಿಗೆ ಮಂಚದ ಈಗಿನ ಎತ್ತರ, ಆಗಿನ ಎತ್ತರ ಎರಡೂ ಒಂದೇ ನೋಟಕ್ಕೆ ಸಿಗುತ್ತವೆ. ಮೊದಲ ಚೌಕ ಎಲ್ಲಿಗೂ ಹೋಗಿಲ್ಲ, ಮೇಲ್ಗಡೆ ಹಾಗೇ ಇದೆ. ಬೇಕೆಂದರೆ ಕಣ್ಣು ಹಿಂದಕ್ಕೆ ಹೋಗಿ ಬರಬಹುದು, ಒಂದು ಚೌಕದ ಮುಂದೆ ಐದು ನಿಮಿಷ ಕೂರಬಹುದು. ಎಷ್ಟು ಹೊತ್ತು ಎಂಬುದನ್ನು ನಿರ್ಧರಿಸುವವನು ಓದುಗ. ಇಲ್ಲಿ ಕಾಲವನ್ನು ಜಾಗವಾಗಿ ಹಾಸಿಟ್ಟಿದ್ದಾರೆ. ಸಿನಿಮಾದಲ್ಲಿ ಒಂದು ಚಿತ್ರ ಮುಂದಿನ ಚಿತ್ರಕ್ಕೆ ಎಡೆ ಮಾಡಿಕೊಟ್ಟು ಮಾಯವಾಗಲೇಬೇಕು, ತೆರೆಯ ಅಳತೆಯೂ ಬದಲಾಗುವಂತಿಲ್ಲ. ಈ ಮಂಚವನ್ನು ಚಿತ್ರ ಮಾಡಿದ್ದರೆ ಕಾಲು ಉದ್ದವಾಗುತ್ತಿತ್ತು, ಪುಟ ಉದ್ದವಾಗುತ್ತಿರಲಿಲ್ಲ.

ಮೆಕೇಗೆ ಇದು ಗೊತ್ತಿತ್ತು ಎಂದೇ ನನ್ನ ಎಣಿಕೆ. ಅವನು ತನ್ನ ಚಿತ್ರದಲ್ಲಿ ನೀಮೋನ ಕನಸನ್ನು ಹೇಳುವ ಗೋಜಿಗೇ ಹೋಗಲಿಲ್ಲ. ಸುಮಾರು 4,000 ರೇಖಾಚಿತ್ರಗಳನ್ನು ತೆಳು ಕಾಗದದ ಮೇಲೆ ಒಂದೊಂದಾಗಿ ಬರೆದ. ಆಗಿನ ಲೆಕ್ಕದಂತೆ ಸೆಕೆಂಡಿಗೆ 16 ಚಿತ್ರ ಓಡಿಸಿದರೆ ನಾಲ್ಕು ನಿಮಿಷಕ್ಕೆ ಸ್ವಲ್ಪ ಹೆಚ್ಚು. ಫಿಲ್ಮಿನ ಮೇಲೆ ಕೈಯಿಂದಲೇ ಬಣ್ಣ ಹಾಕಿದ. ಚಿತ್ರದ ಮೊದಲ ಭಾಗದಲ್ಲಿ ಅವನೇ ನಟಿಸಿದ್ದಾನೆ: ಗೆಳೆಯರೊಡನೆ ಪಂಥ ಕಟ್ಟಿ, ಪೀಪಾಯಿಗಟ್ಟಲೆ ಶಾಯಿ, ಹೊರೆಗಟ್ಟಲೆ ಕಾಗದ ತರಿಸಿಕೊಂಡು ಕೂರುತ್ತಾನೆ. ಅವನು ತೋರಿಸಬೇಕೆಂದದ್ದು ಚಲನೆಯೊಂದನ್ನೇ. ಪುಟದಲ್ಲಿ ಆಗದೆ ತೆರೆಯಲ್ಲಿ ಮಾತ್ರ ಆಗುವುದು ಯಾವುದು ಎಂದು ಕೇಳಿಕೊಂಡು ಅಷ್ಟನ್ನೇ ಮಾಡಿದ. ಮೂರು ವರ್ಷದ ನಂತರ, 1914ರಲ್ಲಿ, ‘ಗರ್ಟಿ ದಿ ಡೈನೋಸಾರ್’ ಮಾಡುವ ಹೊತ್ತಿಗೆ ಸ್ಟ್ರಿಪ್ಪಿನ ಹಂಗನ್ನೇ ಬಿಟ್ಟ. ಗರ್ಟಿ ಯಾವ ಪತ್ರಿಕೆಯಲ್ಲೂ ಹುಟ್ಟಿದವಳಲ್ಲ. ವೇದಿಕೆಯ ಮೇಲೆ ಮೆಕೇ ನಿಂತು ಅಪ್ಪಣೆ ಕೊಟ್ಟರೆ ತೆರೆಯ ಮೇಲಿನ ಈ ಪ್ರಾಣಿ ಕೇಳುತ್ತಿತ್ತು, ಗದರಿದರೆ ಅಳುತ್ತಿತ್ತು. ಮೆಕೇ ಹೆಸರು ಹೇಳಿದರೆ ಇವತ್ತು ಮೊದಲು ನೆನಪಾಗುವ ಚಿತ್ರವೂ ಅದೇ.

ಆದರೆ ಮೆಕೇ ಒಬ್ಬ ಒಂಟಿ ಸಲಗ. ಅವನ ಸುತ್ತ ನಡೆಯುತ್ತಿದ್ದದ್ದು ವ್ಯಾಪಾರ. ಜೋಸೆಫ್ ಪುಲಿಟ್ಜರ್‌ನ ‘ವರ್ಲ್ಡ್’, ವಿಲಿಯಂ ರ‍್ಯಾಂಡಾಲ್ಫ್ ಹರ್ಸ್ಟ್‌ನ ‘ಜರ್ನಲ್’ ನಡುವಿನ ಪ್ರಸಾರ ಸಮರದಲ್ಲಿ ಭಾನುವಾರದ ಬಣ್ಣದ ಕಾಮಿಕ್ಸ್ ದೊಡ್ಡ ಅಸ್ತ್ರವಾಗಿತ್ತು. 1896ರಲ್ಲಿ ಹರ್ಸ್ಟ್, ‘ಯೆಲ್ಲೋ ಕಿಡ್’ ಬರೆಯುತ್ತಿದ್ದ ರಿಚರ್ಡ್ ಔಟ್‌ಕಾಲ್ಟ್‌ನನ್ನು ಹೆಚ್ಚು ಹಣ ಕೊಟ್ಟು ಸೆಳೆದ. ಪುಲಿಟ್ಜರ್ ಸುಮ್ಮನಿರದೆ ಅದೇ ಹುಡುಗನನ್ನು ಬೇರೊಬ್ಬ ಕಲಾವಿದನಿಂದ ಬರೆಸಿದ. ಒಬ್ಬನೇ ಹುಡುಗ ಒಂದೇ ಊರಿನ ಎರಡು ಪತ್ರಿಕೆಗಳಲ್ಲಿ! ಅದೇ ಔಟ್‌ಕಾಲ್ಟ್ 1904ರ ಸೇಂಟ್ ಲೂಯಿಸ್ ವಸ್ತುಪ್ರದರ್ಶನದಲ್ಲಿ ತನ್ನ ಇನ್ನೊಂದು ಪಾತ್ರವಾದ ಬಸ್ಟರ್ ಬ್ರೌನ್‌ನ ಹೆಸರನ್ನು ಹಲವಾರು ಕಂಪನಿಗಳಿಗೆ ಮಾರಿದ. ಮಕ್ಕಳ ಬೂಟಿನ ಮೇಲೂ ಬಸ್ಟರ್ ಬ್ರೌನ್ ಬಂದ. ಪಾತ್ರವೆಂದರೆ ಬರೆದವನಿಂದ ಬಿಡಿಸಿ ತೆಗೆಯಬಹುದಾದ, ಯಾವ ಸರಕಿನ ಮೇಲೆ ಬೇಕಾದರೂ ಅಂಟಿಸಬಹುದಾದ ಮುದ್ರೆ ಎಂಬ ತಿಳಿವಳಿಕೆ ಕಾರ್ಟೂನ್ ಚಿತ್ರಗಳು ಬರುವ ಮೊದಲೇ ಬೇರೂರಿತ್ತು. ಬೂಟಿನ ಸಾಲಿಗೆ ಸಿನಿಮಾವೂ ಸೇರಿತು, ಅಷ್ಟೆ.

ಸ್ಟ್ರಿಪ್ ಆಧರಿಸಿದ ಮೊದಲ ಆನಿಮೇಷನ್ ಸರಣಿ ಮಾಡಿದವನು ಫ್ರಾನ್ಸಿನ ಎಮಿಲ್ ಕೋಲ್. ಜಾರ್ಜ್ ಮೆಕ್‌ಮ್ಯಾನಸ್‌ನ ‘ದಿ ನ್ಯೂಲಿವೆಡ್ಸ್’ ಸ್ಟ್ರಿಪ್ಪನ್ನು ಅವನು 1913ರಿಂದ ನ್ಯೂಜೆರ್ಸಿಯ ಫೋರ್ಟ್ ಲೀಯಲ್ಲಿ ಎಕ್ಲೇರ್ ಕಂಪನಿಗಾಗಿ ಚಿತ್ರ ಮಾಡಿದ. ಅವುಗಳಲ್ಲಿ ಬಹುತೇಕ ಎಲ್ಲವೂ ಕಳೆದುಹೋಗಿವೆ. ಹಾಗಾಗಿ ಅವುಗಳ ಬಗ್ಗೆ ತೀರ್ಪು ಕೊಡುವುದು ನ್ಯಾಯವಲ್ಲ.

ತೀರ್ಪು ಕೊಡಲು ಬೇಕಾದಷ್ಟು ಸಾಮಗ್ರಿ ಇರುವುದು ಹರ್ಸ್ಟ್‌ನ ಅಂಗಡಿಯಲ್ಲಿ. ಅವನ ಇಂಟರ್‌ನ್ಯಾಷನಲ್ ಫಿಲ್ಮ್ ಸರ್ವಿಸ್ 1916ರಿಂದ ಅವನ ಪತ್ರಿಕೆಗಳ ಸ್ಟ್ರಿಪ್‌ಗಳನ್ನೇ ಚಿತ್ರ ಮಾಡತೊಡಗಿತು: ‘ಕ್ರೇಜಿ ಕ್ಯಾಟ್’, ‘ದಿ ಕ್ಯಾಟ್ಸೆನ್‌ಜಾಮರ್ ಕಿಡ್ಸ್’, ‘ಹ್ಯಾಪಿ ಹೂಲಿಗನ್’, ‘ಬ್ರಿಂಗಿಂಗ್ ಅಪ್ ಫಾದರ್’. ಮೇಲ್ವಿಚಾರಣೆ ಗ್ರೆಗರಿ ಲಾ ಕಾವಾ ಎಂಬ ತರುಣನದು. ಮುಂದೆ ಹಾಲಿವುಡ್‌ನಲ್ಲಿ ‘ಮೈ ಮ್ಯಾನ್ ಗಾಡ್‌ಫ್ರೀ’ಯಂಥ ಚಿತ್ರ ನಿರ್ದೇಶಿಸಿದವನು ಇವನೇ. ಮೊದಮೊದಲು ಈ ಕಾರ್ಟೂನ್‌ಗಳು ಹರ್ಸ್ಟ್‌ನದೇ ನ್ಯೂಸ್‌ರೀಲ್‌ಗಳ ಬಾಲಕ್ಕೆ ಅಂಟಿಕೊಂಡು ಥಿಯೇಟರಿಗೆ ಹೋದವು. ಪತ್ರಿಕೆಯಲ್ಲಿ ಸುದ್ದಿ, ಕೊನೆಗೊಂದು ಕಾಮಿಕ್ಸ್. ತೆರೆಯ ಮೇಲೂ ಅದೇ ಏರ್ಪಾಡು. ಜೊತೆಗೆ ಪತ್ರಿಕೆಗೆ ಬಿಟ್ಟಿ ಪ್ರಚಾರ.

ಈ ಚಿತ್ರಗಳಲ್ಲಿ ಮಾತಿನ ಬಲೂನು ಪಡುವ ಪಾಡನ್ನು ಗಮನಿಸಬೇಕು. ಮೂಕಿ ಚಿತ್ರ, ಪಾತ್ರ ಮಾತಾಡಬೇಕು, ಸ್ಟ್ರಿಪ್ಪಿನಲ್ಲಿ ಬಲೂನು ಇದ್ದೇ ಇದೆ. ಅದನ್ನೇ ತೆರೆಗೆ ತಂದರು. ಪುಟದಲ್ಲಿ ಬಲೂನಿಗೂ ಚಿತ್ರಕ್ಕೂ ಜಗಳವಿಲ್ಲ, ಕಣ್ಣು ಎರಡನ್ನೂ ಒಟ್ಟಿಗೆ ನುಂಗುತ್ತದೆ. ತೆರೆಯಲ್ಲಾದರೋ ನಡೆದು ಬರುತ್ತಿದ್ದ ಪಾತ್ರ ಗಕ್ಕನೆ ನಿಲ್ಲುತ್ತದೆ. ತಲೆಯ ಮೇಲೆ ಬಲೂನು ಮೂಡುತ್ತದೆ. ಥಿಯೇಟರಿನಲ್ಲಿ ಕೂತ ಅತಿ ನಿಧಾನದ ಓದುಗ ಓದಿ ಮುಗಿಸುವ ತನಕ ಯಾರೂ ಕದಲುವಂತಿಲ್ಲ. ಬಲೂನು ಅಳಿಸಿಹೋದ ಮೇಲೆ ಎದುರಿನ ಪಾತ್ರಕ್ಕೆ ಉತ್ತರ ಕೊಡಬೇಕೆಂಬ ನೆನಪಾಗುತ್ತದೆ, ಮತ್ತೆ ಎಲ್ಲವೂ ಸ್ತಬ್ಧ. ಸ್ಟುಡಿಯೋಗೆ ಇದರಿಂದ ಲಾಭವೇ ಇತ್ತೆನ್ನಿ, ಪಾತ್ರ ನಿಂತಷ್ಟು ಹೊತ್ತು ಹೊಸ ಚಿತ್ರ ಬರೆಯುವ ಕೆಲಸವಿಲ್ಲ. ಜೀವ ತುಂಬುತ್ತೇವೆ ಎಂದು ಹೊರಟವರು ಮಾತು ಬಂದಾಗಲೆಲ್ಲ ಪಾತ್ರವನ್ನು ಕಲ್ಲಾಗಿಸಿದರು! ಕಾಗದದ ಮೇಲೆ ಎಂದೂ ಹಾಗೆ ನಿಂತಂತೆ ಕಾಣದಿದ್ದ ಪಾತ್ರಗಳು ತೆರೆಗೆ ಬಂದ ಮೇಲೆ ನಿಂತವು.

‘ಕ್ರೇಜಿ ಕ್ಯಾಟ್’ ವಿಷಯದಲ್ಲಿ ನಷ್ಟ ಇನ್ನೂ ಆಳದ್ದು. ಜಾರ್ಜ್ ಹೆರಿಮನ್‌ನ ಈ ಸ್ಟ್ರಿಪ್ 1910ರಲ್ಲಿ ಇನ್ನೊಂದು ಸ್ಟ್ರಿಪ್ಪಿನ ಚೌಕಗಳ ಅಡಿಯಲ್ಲಿ ಬೆಕ್ಕು ಇಲಿಗಳ ಸಣ್ಣ ಆಟವಾಗಿ ಶುರುವಾದದ್ದು, 1913ರಲ್ಲಿ ಸ್ವತಂತ್ರವಾಯಿತು, 1916ರಲ್ಲಿ ಭಾನುವಾರದ ಇಡೀ ಪುಟಕ್ಕೆ ಬೆಳೆಯಿತು. ಕಥೆ ಹೇಳಲು ಎರಡು ಸಾಲು ಸಾಕು. ಇಗ್ನಾಟ್ಸ್ ಎಂಬ ಇಲಿ ಬೆಕ್ಕಿನ ತಲೆಗೆ ಇಟ್ಟಿಗೆ ಎಸೆಯುತ್ತದೆ, ಬೆಕ್ಕು ಅದನ್ನು ಪ್ರೀತಿಯ ಕುರುಹು ಎಂದುಕೊಳ್ಳುತ್ತದೆ; ಬೆಕ್ಕನ್ನು ಪ್ರೀತಿಸುವ ಪೊಲೀಸ್ ನಾಯಿ ಇಲಿಯನ್ನು ಜೈಲಿಗೆ ಹಾಕುತ್ತದೆ. ಬೆಕ್ಕು ಗಂಡೋ ಹೆಣ್ಣೋ ಹೇಳಲಾಗದು, ಹೆರಿಮನ್ ಅದನ್ನು ಬೇಕೆಂದೇ ಖಚಿತಪಡಿಸಲಿಲ್ಲ. ಇಷ್ಟನ್ನೇ ಮೂವತ್ತು ವರ್ಷ ತಿರುಗಾಮುರುಗಾ ಬರೆದ. ಬೇಸರ ಬಾರದ ಹಾಗೆ ಬರೆದ ಎಂಬುದೇ ಪವಾಡ.

ಆ ಪವಾಡ ನಡೆಯುತ್ತಿದ್ದ ಜಾಗ ಮುಖ್ಯ. ಅರಿಜೋನಾದ ಕೊಕೊನಿನೊ ಕೌಂಟಿಯ ಮರುಭೂಮಿ ಹೆರಿಮನ್‌ಗೆ ಪ್ರಿಯವಾದ ಸೀಮೆ, ಸ್ಟ್ರಿಪ್ಪಿನ ರಂಗಸ್ಥಳವೂ ಅದೇ. ಎರಡು ಪಾತ್ರಗಳು ನಿಂತಲ್ಲೇ ನಿಂತು ಹರಟುತ್ತಿರುತ್ತವೆ. ಒಂದು ಚೌಕದಲ್ಲಿ ಅವುಗಳ ಹಿಂದೆ ಕಡಿದಾದ ಬಂಡೆಗುಡ್ಡ. ಮುಂದಿನದರಲ್ಲಿ ಅದೇ ಜಾಗದಲ್ಲಿ ಕುಂಡದೊಳಗಿನ ಮರ. ಅದರ ಮುಂದಿನದರಲ್ಲಿ ಹಗಲು ಹೋಗಿ ಕಪ್ಪು ರಾತ್ರಿ, ವಕ್ರವಾದ ಚಂದ್ರ. ಪಾತ್ರಗಳು ಇದನ್ನು ಗಮನಿಸಿದಂತೆಯೇ ಇಲ್ಲ, ಹರಟೆ ಮುಂದುವರಿದಿರುತ್ತದೆ. ಗುಡ್ಡ ಮರವಾದದ್ದು ಯಾವಾಗ? ಎರಡು ಚೌಕಗಳ ನಡುವಿನ ಸಣ್ಣ ಬಿಳಿ ಜಾಗದಲ್ಲಿ. ಅಲ್ಲಿ ಏನೂ ಬರೆದಿಲ್ಲ, ಆದರೆ ಎಲ್ಲವೂ ಅಲ್ಲೇ ಆಗುತ್ತದೆ. ಈಗ ಇದನ್ನು ಕಾರ್ಟೂನ್ ಚಿತ್ರ ಮಾಡಿ ನೋಡಿ. ಚಿತ್ರಕ್ಕೆ ಆ ಬಿಳಿ ಜಾಗವೇ ಇಲ್ಲ. ಗುಡ್ಡ ಕರಗಿ ಮರವಾಗುವುದನ್ನು ತೋರಿಸಬಹುದು, ಅದು ಜಾದೂ ಆಯಿತು. ಥಟ್ಟನೆ ಬದಲಿಸಬಹುದು, ನೋಡುವವನು ದೃಶ್ಯ ಬದಲಾಯಿತು ಎಂದುಕೊಳ್ಳುತ್ತಾನೆ. ಎರಡೂ ಹೆರಿಮನ್ ಮಾಡಿದ್ದಲ್ಲ.

1916ರ ಚಿತ್ರಗಳು ಈ ತೊಂದರೆಯನ್ನು ಎದುರಿಸಲೇ ಇಲ್ಲ. ಬೆಕ್ಕು, ಇಲಿ, ಸರಳ ಹಿನ್ನೆಲೆ, ಒಂದು ಹಾಸ್ಯಪ್ರಸಂಗ, ಮುಗಿಯಿತು. ಹೋಗಲಿ, ಆರಂಭದ ದಿನಗಳು ಎನ್ನೋಣ. 1925ರಲ್ಲಿ ಬಿಲ್ ನೋಲನ್ ಹೊಸದಾಗಿ ಕ್ರೇಜಿ ಕ್ಯಾಟ್ ಸರಣಿ ಶುರುಮಾಡಿದಾಗ ಬೆಕ್ಕು ಆಗ ಜನಪ್ರಿಯವಾಗಿದ್ದ ಫೀಲಿಕ್ಸ್ ಎಂಬ ಇನ್ನೊಂದು ಕಾರ್ಟೂನ್ ಬೆಕ್ಕಿನ ತದ್ರೂಪಾಗಿತ್ತು. ಮಾತಿನ ಚಿತ್ರಗಳು ಬಂದು ಮಿಕ್ಕಿ ಮೌಸ್ ಗೆದ್ದ ಮೇಲೆ ಅದೇ ಬೆಕ್ಕು ಮಿಕ್ಕಿಯ ಅಚ್ಚಿಗೆ ಇಳಿಯಿತು: ದುಂಡು ತಲೆ, ಹಲ್ಲುಕಿರಿಯುವ ಗಂಡು ಬೆಕ್ಕು, ಜೊತೆಗೊಬ್ಬಳು ಪ್ರೇಯಸಿ. ಹೆರಿಮನ್ ತೆರೆದಿಟ್ಟಿದ್ದ ಪ್ರಶ್ನೆಯನ್ನು ಸ್ಟುಡಿಯೋ ಒಂದೇ ಏಟಿಗೆ ಮುಚ್ಚಿತು. ಹೆಸರು ಮಾತ್ರ ಅದೇ.

ಹೆರಿಮನ್ ಈ ಚಿತ್ರಗಳ ತಯಾರಿಕೆಯಿಂದ ದೂರವೇ ಉಳಿದ. ಆದರೆ 1922ರಲ್ಲಿ ಸಂಗೀತಕಾರ ಜಾನ್ ಆಲ್ಡನ್ ಕಾರ್ಪೆಂಟರ್ ಕ್ರೇಜಿ ಕ್ಯಾಟನ್ನು ಬ್ಯಾಲೆ ಮಾಡಲು ಹೊರಟಾಗ ಕಥೆಯ ಹಂದರವನ್ನೂ ರಂಗಸಜ್ಜಿಕೆಯನ್ನೂ ತಾನೇ ಒದಗಿಸಿದ. ನರ್ತಕರ ಹಿಂದೆ ಅವನು ಬರೆದ ಭೂದೃಶ್ಯ ಉದ್ದನೆಯ ಸುರುಳಿಯಾಗಿ ಉರುಳುತ್ತ ಹೋಗುತ್ತಿತ್ತು. ಕುಣಿಯುವವರು ಮುಂದೆ ಇದ್ದಂತೆಯೇ ಸೀಮೆ ಬದಲಾಗುತ್ತದೆ! ಹೆರಿಮನ್‌ನ ಪುಟಕ್ಕೆ ಹತ್ತಿರದ ರೂಪ ಸಿಕ್ಕಿದ್ದು ನಾಟಕಶಾಲೆಯಲ್ಲಿ, ಸಿನಿಮಾದಲ್ಲಿ ಅಲ್ಲ. ಬೇರೆ ಮಾಧ್ಯಮಕ್ಕೆ ಹೋದರೆ ಕೆಡುತ್ತದೆ ಎಂಬ ಮಡಿವಂತಿಕೆ ನನ್ನದಲ್ಲ ಎಂದು ಹೇಳಲಿಕ್ಕೇ ಈ ಸಂಗತಿ ಎತ್ತಿದೆ.

‘ಮಟ್ ಅಂಡ್ ಜೆಫ್’ ಕಥೆ ಇನ್ನೊಂದು ಬಗೆ. ಬಡ್ ಫಿಷರ್ ಚಾಣಾಕ್ಷ. 1907ರಲ್ಲಿ ‘ಸ್ಯಾನ್ ಫ್ರಾನ್ಸಿಸ್ಕೋ ಕ್ರಾನಿಕಲ್’ನಲ್ಲಿ ಸ್ಟ್ರಿಪ್ ಶುರುಮಾಡಿ, ಸ್ವಲ್ಪದರಲ್ಲೇ ಹಕ್ಕು ತನ್ನ ಹೆಸರಿನಲ್ಲೇ ಇರುವಂತೆ ನೋಡಿಕೊಂಡ. ಕಲಾವಿದನೇ ಮಾಲೀಕನಾದರೆ ಚಿತ್ರಗಳು ಚೆನ್ನಾಗಿರುತ್ತವೆ ಎಂದು ನಾವು ಆಶಿಸಬಹುದು. ಆದರೆ 1916ರಿಂದ ಬಂದ ನೂರಾರು ಮಟ್ ಅಂಡ್ ಜೆಫ್ ಚಿತ್ರಗಳನ್ನು ತಯಾರಿಸಿದವರು ರಾವುಲ್ ಬಾರೆ, ಚಾರ್ಲ್ಸ್ ಬವರ್ಸ್ ಮತ್ತು ಅವರ ಕೆಲಸಗಾರರು. ತೆರೆಯ ಮೇಲೆ ಮೆರೆದದ್ದು ಫಿಷರ್‌ನ ಹೆಸರು. ಮಾಲೀಕ ಪತ್ರಿಕೆಯಾದರೂ ಒಂದೇ, ಕಲಾವಿದನಾದರೂ ಒಂದೇ.

ಇದಕ್ಕೆ ಬರುವ ಆಕ್ಷೇಪಣೆ ನನಗೆ ಗೊತ್ತಿದೆ, ಅದರಲ್ಲಿ ಹುರುಳೂ ಇದೆ. ಪತ್ರಿಕೆಗಳ ದುಡ್ಡು, ಪರಿಚಿತ ಪಾತ್ರಗಳ ಆಸರೆ ಇಲ್ಲದಿದ್ದರೆ ಆನಿಮೇಷನ್ ಉದ್ಯಮ ನೆಲೆ ನಿಲ್ಲುತ್ತಿತ್ತೇ? ಹರ್ಸ್ಟ್‌ನ ಸ್ಟುಡಿಯೋ 1918ರಲ್ಲಿ ಬಾಗಿಲು ಹಾಕಿತು ನಿಜ. ಆದರೆ ಅಲ್ಲಿ ಕೈ ಪಳಗಿಸಿಕೊಂಡವರಲ್ಲಿ ಮುಂದೆ ವುಡಿ ವುಡ್‌ಪೆಕರ್ ಚಿತ್ರಗಳನ್ನು ಕೊಟ್ಟ ವಾಲ್ಟರ್ ಲ್ಯಾಂಟ್ಜ್ ಇದ್ದ. ಬೆಟ್ಟಿ ಬೂಪ್‌ಗೆ ರೂಪ ಕೊಟ್ಟು, ಡಿಸ್ನಿಯ ‘ಸ್ನೋ ವೈಟ್’ಗೂ ದುಡಿದ ಗ್ರಿಮ್ ನ್ಯಾಟ್‌ವಿಕ್ ಇದ್ದ. ಪಾರದರ್ಶಕ ಸೆಲ್ಯುಲಾಯ್ಡ್ ಹಾಳೆಯ ಮೇಲೆ ಪಾತ್ರ, ಅದರ ಅಡಿಯಲ್ಲಿ ಬದಲಾಗದ ಹಿನ್ನೆಲೆ ಎಂಬ ಅರ್ಲ್ ಹರ್ಡ್‌ನ ಉಪಾಯ ಬೇಗ ಬೇರೂರಿದ್ದು ಇಂಥ ಅವಸರದ ಕೆಲಸದ ಒತ್ತಡದಿಂದಲೇ. ಮೆಕೇಯ ದಾರಿಯಲ್ಲಿ ಎಲ್ಲರೂ ನಡೆದಿದ್ದರೆ ವಾರಕ್ಕೊಂದು ಚಿತ್ರ ಇರಲಿ, ವರ್ಷಕ್ಕೊಂದೂ ಬರುತ್ತಿರಲಿಲ್ಲ. ಆ ಚಿತ್ರಗಳು ಒಳ್ಳೆಯ ಶಾಲೆಯಾಗಿದ್ದವು ಎಂಬುದನ್ನು ಒಪ್ಪುತ್ತೇನೆ. ಶಾಲೆಯ ಉತ್ತರಪತ್ರಿಕೆಯನ್ನು ಕೃತಿ ಎಂದು ಕರೆಯಲು ಒಪ್ಪುವುದಿಲ್ಲ.

ಹರ್ಸ್ಟ್‌ನನ್ನೇ ಖಳನಾಗಿ ಮಾಡುವುದೂ ಸುಲಭದ ಕೆಲಸ. ಮುಂದೆ ತನ್ನ ಕೈಕೆಳಗೆ ದುಡಿದ ಮೆಕೇ ರಾಜಕೀಯ ವ್ಯಂಗ್ಯಚಿತ್ರಗಳಿಗೆ ಗಮನ ಕೊಡಲಿ ಎಂದು ಅವನ ವೇದಿಕೆ ಪ್ರದರ್ಶನಗಳಿಗೆ ಕಡಿವಾಣ ಹಾಕಿದವನು ಅವನೇ. ಹೆಚ್ಚಿನ ಓದುಗರಿಗೆ ರುಚಿಸದ ‘ಕ್ರೇಜಿ ಕ್ಯಾಟ್’ ಸ್ಟ್ರಿಪ್ಪನ್ನು ತನಗಿಷ್ಟ ಎಂಬ ಒಂದೇ ಕಾರಣಕ್ಕೆ ದಶಕಗಟ್ಟಲೆ ಉಳಿಸಿಕೊಂಡವನೂ ಅವನೇ. ಪುಟದಲ್ಲಿ ಲಾಭದ ಲೆಕ್ಕ ಹಾಕದವನು ತೆರೆಯಲ್ಲಿ ಮಾತ್ರ ಹಾಕಿದ.

ಸ್ಟ್ರಿಪ್ಪಿನ ಭಾಷೆಯನ್ನು ಸಿನಿಮಾ ನಿಜವಾಗಿ ಕಲಿತದ್ದು ಎಲ್ಲಿ ಎಂದು ಹುಡುಕಿದರೆ ಸಿಗುವವನು ಸ್ಟ್ರಿಪ್ಪಿನಿಂದ ಬಾರದ ಫೀಲಿಕ್ಸ್. ಪ್ಯಾಟ್ ಸಲ್ಲಿವನ್ ಸ್ಟುಡಿಯೋದಲ್ಲಿ ಓಟೊ ಮೆಸ್ಮರ್ ಈ ಬೆಕ್ಕನ್ನು 1919ರಲ್ಲಿ ತೆರೆಗಾಗಿಯೇ ಬರೆದ. ಮೊದಲ ಚಿತ್ರದಲ್ಲೇ ಸಂಗೀತದ ಸ್ವರಚಿಹ್ನೆಗಳನ್ನು ಗಾಳಿಯಿಂದ ಕಿತ್ತು ಗಾಡಿ ಮಾಡಿಕೊಂಡು ಸವಾರಿ ಹೊರಡುತ್ತದೆ. ಮುಂದಿನ ಚಿತ್ರಗಳಲ್ಲಿ ಫೀಲಿಕ್ಸ್‌ಗೆ ಅಚ್ಚರಿಯಾದರೆ ತಲೆಯ ಮೇಲೆ ಮೂಡುವ ಪ್ರಶ್ನಾರ್ಥಕ ಚಿಹ್ನೆ ಗಟ್ಟಿ ವಸ್ತುವಾಗುತ್ತದೆ, ಕೈಗೆತ್ತಿಕೊಂಡು ಉಪಯೋಗಿಸಬಹುದು. ಬಾಲ ಕಳಚಿದರೆ ಆಯುಧ. 1923ರ ‘ಫೀಲಿಕ್ಸ್ ಇನ್ ಹಾಲಿವುಡ್’ನಲ್ಲಿ ಚಾಪ್ಲಿನ್ನನ ಬೆತ್ತ. ಸ್ವರಚಿಹ್ನೆ, ಪ್ರಶ್ನಾರ್ಥಕ, ಆಶ್ಚರ್ಯಸೂಚಕ ಎಲ್ಲವೂ ಪತ್ರಿಕೆಯ ಕಾಮಿಕ್ಸ್‌ನ ಸ್ವತ್ತು. ಹರ್ಸ್ಟ್‌ನ ಚಿತ್ರಗಳು ಬಲೂನನ್ನು ಓದಿಸಲು ಚಲನೆಯನ್ನು ನಿಲ್ಲಿಸಿದವು. ಮೆಸ್ಮರ್ ಆ ಚಿಹ್ನೆಗಳನ್ನೇ ಹಿಡಿದು ಓಡಿಸಿದ. ಒಂದು ಸ್ಟ್ರಿಪ್ಪಿನ ಹಕ್ಕನ್ನೂ ಕೊಳ್ಳದೆ ಸ್ಟ್ರಿಪ್ಪಿನ ವ್ಯಾಕರಣವನ್ನು ತನ್ನದಾಗಿಸಿಕೊಂಡದ್ದು ಹೀಗೆ. 1923ರಲ್ಲಿ ಫೀಲಿಕ್ಸ್ ತೆರೆಯಿಂದ ಪತ್ರಿಕೆಗೆ ಹೋದ, 1930ರ ಜನವರಿಯಲ್ಲಿ ಮಿಕ್ಕಿಯೂ ಹೋದ. ನೀರು ಹಿಮ್ಮುಖವಾಗಿ ಹರಿಯತೊಡಗಿತ್ತು.

ಇನ್ನು ಪಪಾಯ್. ಟಿವಿಯಲ್ಲಿ ಪಾಲಕ್ ಡಬ್ಬಿ ಒಡೆಯುವ ಆ ನಾವಿಕನನ್ನು ನಮ್ಮ ಮಕ್ಕಳೂ ಬಲ್ಲರು. ಇ. ಸಿ. ಸೆಗರ್‌ನ ‘ಥಿಂಬಲ್ ಥಿಯೇಟರ್’ ಸ್ಟ್ರಿಪ್ ಒಂಬತ್ತು ವರ್ಷ ಪಪಾಯ್ ಇಲ್ಲದೆಯೇ ನಡೆದಿತ್ತು. 1929ರ ಜನವರಿ 17ರಂದು ಹಡಗಿಗೆ ಆಳು ಬೇಕೆಂದು ಅವನು ಬಂದ. ಆ ಮೊದಲ ಸಾಹಸದಲ್ಲಿ ಗುಂಡೇಟು ತಿಂದೂ ಬದುಕುವುದಕ್ಕೆ ಕಾರಣ ಪಾಲಕ್ ಸೊಪ್ಪಲ್ಲ, ಒಂದು ಮಾಯದ ಕೋಳಿಯ ತಲೆ ಸವರಿದ್ದು! ಸೆಗರ್‌ನ ಕಥೆಗಳು ತಿಂಗಳುಗಟ್ಟಲೆ ಹರಿಯುವಂಥವು. 1933ರ ಜುಲೈಯಲ್ಲಿ ಫ್ಲೈಷರ್ ಸಹೋದರರ ಸ್ಟುಡಿಯೋ ಪಪಾಯ್‌ನನ್ನು ಚಿತ್ರಕ್ಕೆ ತಂದಾಗ ಆ ಹರಿವನ್ನು ನಿರ್ದಾಕ್ಷಿಣ್ಯವಾಗಿ ಕತ್ತರಿಸಿತು. ಸ್ಟ್ರಿಪ್ಪಿನ ಒಂದು ಕಥೆಯಲ್ಲಷ್ಟೇ ಬಂದುಹೋದ ಬ್ಲೂಟೊನನ್ನು ಕಾಯಂ ವೈರಿ ಮಾಡಿತು, ಅಪರೂಪದ ಪಾಲಕ್ಕನ್ನು ಕಡ್ಡಾಯ ಮಾಡಿತು. ಸೆಗರ್‌ನ ಅಭಿಮಾನಿ ಮೂಗು ಮುರಿದರೆ ತಪ್ಪೆನ್ನಲಾರೆ. ಆದರೂ ಚಿತ್ರ ಬದುಕಿದೆ. 1935ರಿಂದ ಪಪಾಯ್‌ಗೆ ದನಿ ಕೊಟ್ಟ ಜ್ಯಾಕ್ ಮರ್ಸರ್, ಚಿತ್ರ ಬರೆದು ಮುಗಿದ ಮೇಲೆ ಅದನ್ನು ನೋಡುತ್ತ ಬಾಯೊಳಗೇ ಗೊಣಗುತ್ತಿದ್ದ. ಅರ್ಧ ಕೇಳಿಸುವ, ತುಟಿಯ ಚಲನೆಗೆ ಹೊಂದದ ಆ ಗೊಣಗಾಟವನ್ನು ಯಾವ ಬಲೂನಿನಲ್ಲಿ ಬರೆಯುತ್ತೀರಿ? ಬರೆದರೆ ಅದು ಗೊಣಗಾಟವಾಗಿ ಉಳಿಯುವುದಿಲ್ಲ. ಸೆಗರ್‌ನ ಪಪಾಯ್ ಬೇರೆ, ಫ್ಲೈಷರ್‌ಗಳ ಪಪಾಯ್ ಬೇರೆ. ಎರಡನೆಯವನು ಮೊದಲನೆಯವನ ಸುಧಾರಿತ ಆವೃತ್ತಿ ಅಲ್ಲ.

ಹಾಗಾದರೆ ಮೂಲಕ್ಕೆ ನಿಷ್ಠರಾಗಿದ್ದರೆ ಆಗುತ್ತಿತ್ತೇ? ಅದನ್ನೂ ಮಾಡಿ ನೋಡಿದ್ದಾರೆ. 1936ರಲ್ಲಿ ಕೊಲಂಬಿಯಾ ಬಿಡುಗಡೆ ಮಾಡಿದ ಕ್ರೇಜಿ ಕ್ಯಾಟ್ ಸರಣಿಯಲ್ಲಿ ‘ಲಿಲ್ ಏಂಜಿಲ್’ ಎಂಬ ಒಂದು ಚಿತ್ರ ಹೆರಿಮನ್‌ನ ರೇಖೆ, ಇಟ್ಟಿಗೆ, ಪೊಲೀಸ್ ನಾಯಿ ಎಲ್ಲವನ್ನೂ ಮರಳಿ ತರಲು ಹೊರಟಿತು. ಪಾತ್ರಗಳ ಚಹರೆ ಹೋಲುತ್ತದೆ, ಅಷ್ಟರಮಟ್ಟಿಗೆ ಸರಿ. ಮಿಕ್ಕಂತೆ ಅದೂ ಆ ಕಾಲದ ಸಾಧಾರಣ ಬೆನ್ನಟ್ಟಾಟದ ಕಾರ್ಟೂನ್. ಮುಂದಿನ ಚಿತ್ರಗಳಲ್ಲಿ ಸ್ಟುಡಿಯೋ ಹಳೆಯ ದಾರಿಗೇ ಮರಳಿತು, 1940ರಲ್ಲಿ ಸರಣಿ ನಿಂತಿತು. ಹೆರಿಮನ್ 1944ರ ಏಪ್ರಿಲಿನಲ್ಲಿ ತೀರಿಕೊಂಡ. ಕಲಾವಿದ ಬಿಟ್ಟುಹೋದರೂ ಸತ್ತರೂ ಬೇರೊಬ್ಬನಿಂದ ಸ್ಟ್ರಿಪ್ ಮುಂದುವರಿಸುವುದು ಹರ್ಸ್ಟ್ ಸಂಸ್ಥೆಯ ವಾಡಿಕೆ. ‘ಕ್ಯಾಟ್ಸೆನ್‌ಜಾಮರ್ ಕಿಡ್ಸ್’ ಹಾಗೇ ನಡೆದಿತ್ತು, 1938ರಲ್ಲಿ ಸೆಗರ್ ಸತ್ತ ಮೇಲೆ ಪಪಾಯ್ ಕೂಡ. ‘ಕ್ರೇಜಿ ಕ್ಯಾಟ್’ ಮಾತ್ರ ಇನ್ನೊಬ್ಬರ ಕೈಗೆ ಹೋಗಲಿಲ್ಲ. ಹೆರಿಮನ್ ಬರೆದಿಟ್ಟಿದ್ದ ಪುಟಗಳಲ್ಲಿ ಕೊನೆಯದು ಆ ವರ್ಷದ ಜೂನ್ 25ರಂದು ಅಚ್ಚಾಯಿತು, ಸ್ಟ್ರಿಪ್ ಅಲ್ಲಿಗೆ ಮುಗಿಯಿತು.